ಡೈಲಾಗ್ ಎಣಿಸುವ ನಟರಿಗೆ

ಪಾತ್ರ ಸಿಕ್ಕಿತೆಂದು ಸಿಹಿ ಹಿಡಿದು ಬರುವ ವಿದ್ಯಾರ್ಥಿಗಳು ಮರುಕ್ಷಣವೇ ಮುಖ ಸಪ್ಪೆ ಮಾಡಿಕೊಳ್ಳುತ್ತಾರೆ: "ಆದರೆ ಡೈಲಾಗ್ ನಾಲ್ಕೇ ಇದೆ ಸರ್." ಅಭಿನಯ ಕಲಿಸುವ ನನಗೆ ಇದರಷ್ಟು ಸಿಟ್ಟು ತರಿಸುವ ಮಾತು ಮತ್ತೊಂದಿಲ್ಲ. ಹೀಗೆ ಕೊರಗುವವರನ್ನು ಕೂರಿಸಿ ನಾನು ಹಾಲಿವುಡ್ ನಟ ಸಾಲ್ ಮಿನಿಯೊನ ಅಭಿನಯ ತೋರಿಸುತ್ತೇನೆ.

ನ್ಯೂಯಾರ್ಕಿನ ಬ್ರಾಂಕ್ಸ್‌ನಲ್ಲಿ 1939ರಲ್ಲಿ ಹುಟ್ಟಿದ ಹುಡುಗ; ತಂದೆ ಶವಪೆಟ್ಟಿಗೆ ಮಾಡುತ್ತಿದ್ದವರು. ಬಾಲ್ಯದಲ್ಲೇ ಬ್ರಾಡ್‌ವೇ ರಂಗಭೂಮಿ ಹತ್ತಿದ. 1955ರಲ್ಲಿ ನಿಕೊಲಸ್ ರೇ ನಿರ್ದೇಶನದ 'ರೆಬೆಲ್ ವಿದೌಟ್ ಎ ಕಾಸ್' ತೆರೆಕಂಡಾಗ ಅವನಿಗೆ ಹದಿನಾರು ವರ್ಷ. ಜೇಮ್ಸ್ ಡೀನ್ ನಾಯಕ, ನತಾಲಿ ವುಡ್ ನಾಯಕಿ. ಇವರಿಬ್ಬರಲ್ಲಿ ತಂದೆ ತಾಯಿಯನ್ನು ಹುಡುಕುವ ಒಂಟಿ ಹುಡುಗ ಪ್ಲೇಟೊ ಆಗಿ ಮಿನಿಯೊ.

ಚಿತ್ರ ಸಿನಿಮಾಸ್ಕೋಪ್‌ನದು. ಅಗಲದ ಆ ಚೌಕಟ್ಟಿನಲ್ಲಿ ಮಾತಿಲ್ಲದವನೂ ಕಣ್ಣಿಗೆ ಬೀಳುತ್ತಲೇ ಇರುತ್ತಾನೆ. ಕೊನೆಗೆ ಗ್ರಿಫಿತ್ ತಾರಾಲಯದ ಕತ್ತಲಲ್ಲಿ ಪಿಸ್ತೂಲು ಹಿಡಿದು ಅಡಗಿರುವ ಪ್ಲೇಟೊಗೆ ನಾಯಕ ತನ್ನ ಕೆಂಪು ಜಾಕೆಟ್ ಕೊಡುತ್ತಾನೆ. ಪಿಸ್ತೂಲು ಕೇಳಿ ಪಡೆದು, ಗುಟ್ಟಾಗಿ ಗುಂಡು ತೆಗೆದು ಹಿಂತಿರುಗಿಸುತ್ತಾನೆ. ನಾಯಕನ ಅಕ್ಕರೆ ನಮಗೆ ನಿಜವೆನಿಸುವುದು ಎಲ್ಲಿ? ಅದನ್ನು ನಂಬಬೇಕೋ ಬೇಡವೋ ಎಂದು ತೂಗುತ್ತಿರುವ ಆ ಹುಡುಗನ ಕಣ್ಣುಗಳಲ್ಲಿ. ಅವನು ನಂಬದಿದ್ದರೆ ನಾವೂ ನಂಬುತ್ತಿರಲಿಲ್ಲ.

ಇದನ್ನು ಎಷ್ಟು ಸಲ ಹೇಳಿದರೂ ತಪ್ಪಾಗಿಯೇ ಅರ್ಥವಾಗುತ್ತದೆ, ಆದ್ದರಿಂದ ಮತ್ತೆ ಹೇಳುತ್ತೇನೆ. ಪ್ರತಿಕ್ರಿಯೆ ಎಂದರೆ ಹುಬ್ಬು ಹಾರಿಸುವುದಲ್ಲ, ತಲೆಯಾಡಿಸುವುದಲ್ಲ. ಎದುರಿನವನ ಮಾತು ಕಿವಿಗೆ ಬೀಳುವ ಮೊದಲೇ ನಿಮ್ಮ ಮುಖ ಉತ್ತರ ಕೊಟ್ಟುಬಿಟ್ಟರೆ ನೀವು ಕೇಳಿಸಿಕೊಂಡಿಲ್ಲ, ನಿಮ್ಮ ಸರದಿಗೆ ಕಾದಿದ್ದೀರಿ ಅಷ್ಟೇ. ಕ್ಯಾಮೆರಾಗೆ ಇದು ತಕ್ಷಣ ತಿಳಿಯುತ್ತದೆ. ಮಿನಿಯೊ ಮೊದಲು ಕೇಳುತ್ತಾನೆ. ಮುಖ ಆಮೇಲೆ ಬದಲಾಗುತ್ತದೆ, ಅದೂ ನಿಧಾನಕ್ಕೆ.

ಪ್ಲೇಟೊ ಒಂದು ಕಾಲಿಗೆ ಕೆಂಪು, ಇನ್ನೊಂದಕ್ಕೆ ನೀಲಿ ಕಾಲುಚೀಲ ಹಾಕಿರುತ್ತಾನೆ. ನನ್ನ ವಿದ್ಯಾರ್ಥಿಗಳಿಗೆ ಇದು ಬಹಳ ಇಷ್ಟ. ಇಂಥ ವಿವರ ಮನಸ್ಸಿನಲ್ಲಿ ಉಳಿಯಬೇಕಾದರೆ ಅದನ್ನು ತೊಟ್ಟವನಿಗೆ ಅದರ ಪರಿವೆಯೇ ಇರಬಾರದು. ಕಾಲು ಮುಂದೆ ಚಾಚಿ ತೋರಿಸಿದಿರೋ, ಕೆಟ್ಟಿತು.

ಆ ಪಾತ್ರಕ್ಕೆ ಪೋಷಕ ನಟನ ಆಸ್ಕರ್ ನಾಮನಿರ್ದೇಶನ ಬಂತು. ಪ್ರಶಸ್ತಿ ಜ್ಯಾಕ್ ಲೆಮನ್ ಪಾಲಾಯಿತು. 1960ರ 'ಎಕ್ಸೋಡಸ್'ಗೆ ಮತ್ತೊಂದು ನಾಮನಿರ್ದೇಶನ, ಜೊತೆಗೆ ಗೋಲ್ಡನ್ ಗ್ಲೋಬ್. ಆಮೇಲೆ ಅವಕಾಶಗಳು ಬತ್ತಿದವು. ಕಾರಣ ಇದೊಂದೇ ಎಂದು ಬೊಟ್ಟು ಮಾಡಲಾರೆ. ಆದರೆ ಚಾಕು ಹಿಡಿದ ಪುಂಡ ಹುಡುಗನ ಪಾತ್ರಗಳು ಅವನಿಗೆ ಅಂಟಿಕೊಂಡಿದ್ದವು, ವಯಸ್ಸು ಮಾತ್ರ ಹುಡುಗನದಾಗಿ ಉಳಿಯಲಿಲ್ಲ. 1971ರ 'ಪ್ಲಾನೆಟ್ ಆಫ್ ದಿ ಏಪ್ಸ್' ಸರಣಿಯ ಚಿತ್ರದಲ್ಲಿ ಆ ಮುಖವನ್ನೇ ವಾನರನ ಮುಖವಾಡದ ಹಿಂದೆ ಮುಚ್ಚಿದರು. ಅದನ್ನು ನೋಡುವಾಗಲೆಲ್ಲ ನನಗೆ ಸಂಕಟವಾಗುತ್ತದೆ. 1976ರಲ್ಲಿ, ನಾಟಕದ ತಾಲೀಮು ಮುಗಿಸಿ ಮನೆಗೆ ಮರಳುವಾಗ ಇರಿತಕ್ಕೆ ಬಲಿಯಾದ. ಆಗ ಮೂವತ್ತೇಳು ವರ್ಷ.

ಹಾಗಾಗಿ, ಪೋಷಕ ಪಾತ್ರ ಚೆನ್ನಾಗಿ ಮಾಡಿದರೆ ಬದುಕು ಭದ್ರ ಎಂಬ ಭರವಸೆ ನಾನು ಯಾರಿಗೂ ಕೊಡುವುದಿಲ್ಲ. ಇಷ್ಟು ಮಾಡಿ: ತಾರಾಲಯದ ಆ ದೃಶ್ಯವನ್ನು ಧ್ವನಿ ತೆಗೆದು ನೋಡಿ, ಡೀನ್ ಮಾತಾಡುವಾಗ ಮಿನಿಯೊನನ್ನೇ ಗಮನಿಸಿ. ನಿಮ್ಮ ನಾಲ್ಕು ಡೈಲಾಗಿನ ವಿಷಯ ಆಮೇಲೆ ಮಾತಾಡೋಣ.